ಫರೀದಾ ಪಾಚಾ ಅವರ ಉಪ್ಪಿನ ಚಿತ್ರ

ಚಿತ್ರಮಂದಿರದಲ್ಲಿ ಕಥಾಚಿತ್ರಕ್ಕೆ ಮುನ್ನ ಫಿಲ್ಮ್ಸ್ ಡಿವಿಜನ್ನಿನ ವಾರ್ತಾಚಿತ್ರವನ್ನು ನೋಡಿ ಬೆಳೆದವರಿಗೆ ಸಾಕ್ಷ್ಯಚಿತ್ರವೆಂದೊಡನೆ ನೆನಪಾಗುವುದು ತೆರೆಯ ಹಿಂದಿನ ಆ ಗಂಭೀರ ಧ್ವನಿ. ಕಾಣುವುದೇನು, ಅದರ ಅರ್ಥವೇನು, ಅದಕ್ಕೆ ಹೆಮ್ಮೆಪಡಬೇಕೋ ಮರುಗಬೇಕೋ ಎಂಬುದೆಲ್ಲವನ್ನೂ ಅದೇ ನಿರ್ಣಯಿಸಿಬಿಡುತ್ತಿತ್ತು. ಮುಂಬಯಿಯಲ್ಲಿ ಜನಿಸಿ ಸ್ವಿಟ್ಜರ್ಲೆಂಡಿನಲ್ಲಿ ನೆಲೆಸಿದ ಫರೀದಾ ಪಾಚಾ ತಮ್ಮ ಮೊದಲ ಪೂರ್ಣಪ್ರಮಾಣದ ಸಾಕ್ಷ್ಯಚಿತ್ರವಾದ 2013ರ ‘ಮೈ ನೇಮ್ ಈಸ್ ಸಾಲ್ಟ್’ನಲ್ಲಿ ಆ ಧ್ವನಿಯನ್ನು ನಿಶ್ಶೇಷವಾಗಿ ತ್ಯಜಿಸಿದ್ದಾರೆ. ನಿರೂಪಣೆಯಿಲ್ಲ, ಸಂದರ್ಶನವಿಲ್ಲ, ಗುಜರಾತಿನ ಕಚ್ಛದ ಕಿರುರಣದಲ್ಲಿ ವರ್ಷದ ಎಂಟು ತಿಂಗಳು ಉಪ್ಪು ಬೆಳೆಯುವ ಒಂದು ಕುಟುಂಬದ ದುಡಿಮೆಯನ್ನು ಆದ್ಯಂತವಾಗಿ ನೋಡುವುದಷ್ಟೇ ಇದೆ.

ಈ ಪದ್ಧತಿಯ ಸತ್ತ್ವ ಆರಂಭದಲ್ಲಿಯೇ ಗೋಚರವಾಗುತ್ತದೆ. ಮಳೆಗಾಲದಲ್ಲಿ ಕಡಲೇ ಆಗಿಬಿಡುವ ಆ ನೆಲ ಒಣಗಿದೊಡನೆ ಹಿಂದಿರುಗಿದ ಕುಟುಂಬ, ಹೋದ ವರ್ಷ ತಾನೇ ಹೂತಿಟ್ಟಿದ್ದ ಡೀಸೆಲ್ ಪಂಪನ್ನು ಮಣ್ಣಿನೊಳಗಿಂದ ಅಗೆದು ತೆಗೆಯುತ್ತದೆ; ಅದೇನು, ಹೂತದ್ದೇಕೆ ಎಂದು ಯಾರೂ ಹೇಳರು; ಮಣ್ಣು ಸರಿಯುತ್ತ ಸರಿಯುತ್ತ ಯಂತ್ರದ ಆಕೃತಿ ಮೂಡಿದಾಗ ಪ್ರೇಕ್ಷಕನು ತನ್ನ ಕಣ್ಣಿನಿಂದಲೇ ಅದನ್ನು ಅರಿಯುತ್ತಾನೆ, ಹಾಗೆ ಅರಿತುದನ್ನು ಮರೆಯುವುದೂ ಇಲ್ಲ. ಪಾತಿಯ ತಳ ಗಟ್ಟಿಯಾಗಲೆಂದು ಬರಿಗಾಲಿನಲ್ಲಿ ತುಳಿಯುವುದನ್ನೂ, ನೆಲದಡಿಯ ಉಪ್ಪುನೀರು ಪಾತಿಗೆ ಹರಿದು ಮೆಲ್ಲಮೆಲ್ಲನೆ ಹರಳುಗಟ್ಟುವುದನ್ನೂ, ಹರಳು ಸಮನಾಗಿ ಬೆಳೆಯಲೆಂದು ಮರದ ಹಲುಬೆ ಎಳೆಯುವುದನ್ನೂ ಲುಟ್ಸ್ ಕೋನರ್ಮನ್ ಅವರ ಕ್ಯಾಮೆರಾ ಅವಸರವಿಲ್ಲದೆ ನೋಡುತ್ತದೆ.

ವ್ಯಾಖ್ಯಾನವಿಲ್ಲವೆಂದ ಮಾತ್ರಕ್ಕೆ ಅಭಿಪ್ರಾಯವೂ ಇಲ್ಲವೆಂದು ಭಾವಿಸಲಾಗದು. ಎಲ್ಲಿ ನಿಂತು ನೋಡಬೇಕು, ಎಷ್ಟು ಹೊತ್ತು ನೋಡಬೇಕು ಎಂಬ ಆಯ್ಕೆಯೇ ನಿರ್ದೇಶಕಿಯ ಮಾತು; ಈ ಚಿತ್ರದಲ್ಲಿ ಆ ಮಾತು, ಈ ಜನ ಕೇವಲ ಬಡವರಲ್ಲ, ಲೋಕದಲ್ಲೇ ಅತ್ಯಂತ ಬಿಳಿಯ ಉಪ್ಪನ್ನು ತೆಗೆಯಬೇಕೆಂಬ ಅಭಿಮಾನವುಳ್ಳ ಕುಶಲಿಗಳು ಎಂಬುದು. ಬಡತನವನ್ನು ಕುರಿತು ಉಪನ್ಯಾಸ ಮಾಡುವ ಚಿತ್ರದಲ್ಲಿ ಈ ಅಭಿಮಾನಕ್ಕೆ ಎಡೆಯೇ ದೊರೆಯುತ್ತಿರಲಿಲ್ಲ. ಆಮ್ಸ್ಟರ್‌ಡ್ಯಾಮಿನ ಸಾಕ್ಷ್ಯಚಿತ್ರೋತ್ಸವದಲ್ಲಿ ಚೊಚ್ಚಲ ಕೃತಿಗೆಂದು ಮೀಸಲಾದ ಪ್ರಶಸ್ತಿ ಇದಕ್ಕೆ ಸಂದದ್ದು ಉಚಿತವೇ ಆಗಿದೆ.

ಆದರೂ ನನ್ನದೊಂದು ಆಕ್ಷೇಪವುಂಟು. ದಿಗಂತದವರೆಗೆ ಹರಡಿದ ಬಿಳುಪು, ಅದರ ನಡುವೆ ಒಂಟಿಯಾದ ಮನುಷ್ಯಾಕೃತಿ, ಇಂಥ ಚಿತ್ರಿಕೆಗಳ ಚೆಲುವು ಕೆಲವೆಡೆ ದುಡಿಮೆಯ ಭಾರವನ್ನು ಹಗುರಗೊಳಿಸುತ್ತದೆ. ಪಂಪಿನ ಸದ್ದೂ ಗಾಳಿಯ ಸದ್ದೂ ಸಾಕಾಗಿದ್ದ ಕಡೆಯೂ ಸಂಗೀತ ಬಂದು ಸೇರುತ್ತದೆ. ಇದಕ್ಕಿಂತ ಮುಖ್ಯವಾದುದು, ಕಣ್ಣಿಗೆ ಕಾಣದ ಸಂಗತಿಗಳನ್ನು ಈ ಪದ್ಧತಿ ಹೇಗೆ ತೋರಿಸೀತೆಂಬ ಪ್ರಶ್ನೆ. ಹರಳಿನ ಬೆಳವಣಿಗೆ ಕಾಣುತ್ತದೆ, ಸಾಲದ ಬೆಳವಣಿಗೆ ಕಾಣದು. ಉಪ್ಪಿಗೆ ಬೆಲೆ ಕಟ್ಟುವ ವ್ಯಾಪಾರಿಯ ಹಿಡಿತ ಆಗೊಮ್ಮೆ ಈಗೊಮ್ಮೆ ಆಡುವ ಮಾತುಗಳಲ್ಲಿ ಸುಳಿದು ಮರೆಯಾಗುತ್ತದೆಯೇ ಹೊರತು, ಇಷ್ಟು ದುಡಿದೂ ಕೈಗೆ ಬರುವುದೆಷ್ಟು, ವರ್ಷ ವರ್ಷವೂ ಅದೇ ನೆಲಕ್ಕೆ ಮರಳುವಂತೆ ಮಾಡುವುದು ಅಭಿಮಾನವೋ ಸಾಲವೋ ಎಂಬುದು ಸ್ಪಷ್ಟವಾಗುವುದಿಲ್ಲ. ಕೆಸರನ್ನು ತುಳಿಯುವ ಪಾದಗಳ ಮುಂದೆ ಅಷ್ಟು ಹೊತ್ತು ನಿಂತ ಕ್ಯಾಮೆರಾ ವ್ಯಾಪಾರಿಯ ಲೆಕ್ಕದ ಮುಂದೆಯೂ ಅಷ್ಟೇ ಹೊತ್ತು ನಿಲ್ಲಬಹುದಾಗಿತ್ತು; ಅದಕ್ಕೆ ನಿರೂಪಕನ ಧ್ವನಿಯೇನೂ ಬೇಕಿರಲಿಲ್ಲ.