‘ಸತ್ಯಮೇವ ಜಯತೇ’ ಮತ್ತು ಮನೆಯ ಮಾತು

ದೂರದರ್ಶನದ ಸಾಕ್ಷ್ಯಮಾಲಿಕೆಗಳನ್ನು ವಿಮರ್ಶೆಯ ಒರೆಗೆ ಹಚ್ಚುವ ರೂಢಿ ಕನ್ನಡದಲ್ಲಿ ಇನ್ನೂ ಬಲಿತಿಲ್ಲ. ಆದರೂ ೨೦೧೨ನೆಯ ಇಸವಿಯ ಮೇ ೧೩ರ ರವಿವಾರ ಪ್ರಸಾರವಾದ ‘ಸತ್ಯಮೇವ ಜಯತೇ’ ಮಾಲಿಕೆಯ ಎರಡನೆಯ ಕಂತು ಅಂಥ ಪರೀಕ್ಷೆಗೆ ಸರ್ವಥಾ ಅರ್ಹವಾದುದು. ನಟ ಆಮೀರ್ ಖಾನರು ನಡೆಸಿಕೊಟ್ಟ ಈ ಮಾಲಿಕೆ ಅಂದು ಕೈಕೊಂಡ ವಿಷಯ, ಮಕ್ಕಳ ಮೇಲೆ ನಡೆಯುವ ಲೈಂಗಿಕ ದೌರ್ಜನ್ಯ.

ಕಂತಿನ ಸತ್ತ್ವವಿರುವುದು ಅದರ ಸಾವಧಾನದಲ್ಲಿ. ಎಳವೆಯಲ್ಲಿ ನೊಂದು ಈಗ ಪ್ರಾಯಕ್ಕೆ ಬಂದವರು ತಮ್ಮ ಕಥೆಯನ್ನು ತಾವೇ ಹೇಳುವರು. ಪಾತಕಿಯು ಕತ್ತಲೆಯಲ್ಲಿ ಬರುವ ಅಪರಿಚಿತನಲ್ಲ, ಬಹುಮಟ್ಟಿಗೆ ಮನೆಯ ಬಳಕೆಯವನೇ ಎಂಬ ಕಹಿ ಸತ್ಯ ಯಾವ ಉಪನ್ಯಾಸವೂ ಇಲ್ಲದೆ ಪ್ರೇಕ್ಷಕನ ಎದೆಗೆ ತಾಕುತ್ತದೆ. ಒಬ್ಬ ಸಾಕ್ಷಿಯೊಡನೆ ಅವನ ತಾಯಿಯೂ ಸಭೆಯ ಮುಂದೆ ಬರುವಲ್ಲಿ ಈ ಕೃತಿ ದುರಂತ ನಾಟಕದ ಗಾಂಭೀರ್ಯವನ್ನು ಮುಟ್ಟಿದೆ. ಆ ಮೇಲೆ ಅವನ ಮೆಚ್ಚಿನ ತಾರೆ ಶ್ರೀದೇವಿಯವರನ್ನು ವೇದಿಕೆಗೆ ಕರೆತಂದುದು ಮಾತ್ರ ರಸಭಂಗ. ನೊಂದವನಿಗೆ ಸಂತೋಷವಾಯಿತು, ದಿಟ. ನೋಡುವವನಿಗೆ ಅಳು ಮುಗಿಯುವ ಮೊದಲೇ ಚಪ್ಪಾಳೆ ತಟ್ಟಬೇಕಾಯಿತು. ಕೊನೆಯಲ್ಲಿ ಖಾನರು ಪುಟ್ಟ ಮಕ್ಕಳ ನಡುವೆ ಕುಳಿತು, ಮೈಯ ಯಾವ ಭಾಗಗಳನ್ನು ಪರರು ಮುಟ್ಟಕೂಡದು, ಮುಟ್ಟಿದರೆ ಕೂಗಿ ಓಡಿ ಯಾರಿಗೆ ತಿಳಿಸಬೇಕು ಎಂದು ಕಲಿಸುವ ಪ್ರಸಂಗವು ಇಡಿಯ ಮಾಲಿಕೆಯಲ್ಲಿಯೇ ಶ್ರೇಷ್ಠ.

ಆದರೆ ಈ ಪಾಠ ಗೋಕಾಕ, ಹುಕ್ಕೇರಿ ಮತ್ತು ಆಗ ಗೋಕಾಕ ತಾಲೂಕಿನಲ್ಲಿಯೇ ಇದ್ದ ಮೂಡಲಗಿಯ ಮನೆಗಳಿಗೆ ಬಂದುದು ಹಿಂದಿಯಲ್ಲಿ. ನೆರೆಯ ಮರಾಠಿಗೆ ಅದು ಇಳಿಯಿತು; ತೆಲುಗು, ತಮಿಳು, ಮಲಯಾಳಗಳಿಗೂ ಇಳಿಯಿತು. ಕನ್ನಡದ ಟೀವಿಗೆ ಮಾತ್ರ ಬರಲಿಲ್ಲ. ಡಬ್ಬಿಂಗಿಗೆ ಚಿತ್ರೋದ್ಯಮದ ವಿರೋಧವಿತ್ತು. ೧೯೬೦ರ ದಶಕದಲ್ಲಿ ಕನ್ನಡ ಚಿತ್ರರಂಗವನ್ನು ಬದುಕಿಸಲು ಹುಟ್ಟಿದ ಆ ತಡೆಯ ಉಪಕಾರವನ್ನು ಅಲ್ಲಗಳೆಯಲಾಗದು. ಆದರೆ ಹಾಡು ಕುಣಿತದ ಚಿತ್ರಕ್ಕೂ ಮಗುವಿನ ಮೈಗಾಪಿನ ಪಾಠಕ್ಕೂ ಒಂದೇ ಬಾಗಿಲನ್ನು ಮುಚ್ಚಿದುದು ಯಾವ ವಿವೇಕ? ವಿ. ಕೃ. ಗೋಕಾಕರ ಹೆಸರಿನ ಮೂಲಕ ಈ ಊರಿನ ಹೆಸರು ೧೯೮೨ರಲ್ಲಿ ಶಾಲೆಯ ಕನ್ನಡಕ್ಕಾಗಿ ನಾಡೆಲ್ಲ ಮೊಳಗಿತ್ತು!

ಹಿರಿಯರಿಗೆ ಹಿಂದಿ ತಿಳಿದೀತು. ಆರು ವರುಷದ ಕೂಸಿಗೆ ತಿಳಿಯದು. ನಷ್ಟವು ಅಷ್ಟೇ ಅಲ್ಲ. ಆ ಅವಯವಗಳಿಗೆ ಮನೆಯ ಕನ್ನಡದಲ್ಲಿರುವ ಮಾತುಗಳು ಒಂದೋ ತೊಟ್ಟಿಲ ಮಾತು, ಇಲ್ಲವೆ ಬೈಗುಳು. ಪಠ್ಯಪುಸ್ತಕದ ಸಂಸ್ಕೃತ ಪದವು ಮಗುವಿನ ಬಾಯಿಗೆ ಹತ್ತದು. ಕನ್ನಡಿಸುವವನು ಇವುಗಳ ನಡುವಿನ ಸಭ್ಯವಾದ ಬಳಕೆಯ ಮಾತನ್ನು ಹುಡುಕಲೇಬೇಕಾಗುತ್ತಿತ್ತು. ಆ ಹುಡುಕಾಟವೇ ತಪ್ಪಿಹೋಯಿತು. ಗೋಕಾಕ ತಾಲೂಕಿನ ಮಲಾಮರಡಿಯ ಬಸವರಾಜ ಕಟ್ಟೀಮನಿಯವರು ‘ಜರತಾರಿ ಜಗದ್ಗುರು’ವಿನಲ್ಲಿ ಪೂಜ್ಯಸ್ಥಾನದ ಮರೆಯ ಅನಾಚಾರವನ್ನು ಅಳುಕದೆ ಬರೆದವರು, ನುಡಿಗೆ ಧೈರ್ಯವಿಲ್ಲವೆನ್ನುವಂತಿಲ್ಲ. ಆದರೆ ಅದು ಪ್ರೌಢರಿಗಾಗಿ ಪ್ರೌಢರು ಆಡಿದ ಮಾತು.

ಡಬ್ಬಿಂಗಿನ ತಡೆಯು ನ್ಯಾಯವಲ್ಲವೆಂದು ಸ್ಪರ್ಧಾ ಆಯೋಗವು ೨೦೧೫ರಲ್ಲಿ ನಿರ್ಣಯಿಸಿತು. ಅದಕ್ಕೂ ಮೊದಲೇ, ಈ ಕಂತು ಪ್ರಸಾರವಾದ ತಿಂಗಳಲ್ಲಿಯೇ ಸಂಸತ್ತು ಒಪ್ಪಿದ ಪೋಕ್ಸೊ ಕಾಯಿದೆಯು ೨೦೧೨ರ ನವೆಂಬರ ೧೪ರಿಂದ ಜಾರಿಗೆ ಬಂದಿತ್ತು. ಅದರ ೨೬ನೆಯ ಕಲಮಿನಂತೆ, ಮಗುವಿನ ಹೇಳಿಕೆಯನ್ನು ಅದು ಆಡಿದ ಹಾಗೆಯೇ ಬರೆದುಕೊಳ್ಳಬೇಕು. ಹುಕ್ಕೇರಿಯ ಮಗು ಅಧಿಕಾರಿಯ ಮುಂದೆ ಆಡುವುದು ಮನೆಯಲ್ಲಿ ಕಲಿತ ಮಾತನ್ನೇ.