ಕಿರುತೆರೆಯಲ್ಲಿ ಚರಿತ್ರೆ: ಶ್ಯಾಮ್ ಬೆನಗಲ್ ಅವರ ಸಾಕ್ಷ್ಯಚಿತ್ರ ದೃಷ್ಟಿ

ಶ್ಯಾಮ್ ಬೆನಗಲ್ (1934–2024) ಅವರನ್ನು ಕುರಿತ ವಿಮರ್ಶೆ ಬಹುಮಟ್ಟಿಗೆ 'ಅಂಕುರ್' (1974), 'ನಿಶಾಂತ್' (1975), 'ಮಂಥನ್' (1976) ಚಿತ್ರಗಳ ಸುತ್ತಲೇ ಬೆಳೆದಿದೆ. ಅನಂತನಾಗ್ ಹಾಗೂ ಗಿರೀಶ ಕಾರ್ನಾಡರ ಅಭಿನಯದಿಂದಾಗಿ ಈ ಚಿತ್ರಗಳು ಕನ್ನಡಿಗರಿಗೂ ಆಪ್ತವಾಗಿವೆ. ಆದರೆ ಅವರು ಕಥಾಚಿತ್ರಕ್ಕೆ ಬಂದದ್ದು ಜಾಹೀರಾತು ಮತ್ತು ಸಾಕ್ಷ್ಯಚಿತ್ರಗಳ ಹಾದಿಯಿಂದ. 1962ರಲ್ಲಿ ಗುಜರಾತಿ ಸಾಕ್ಷ್ಯಚಿತ್ರವೊಂದರಿಂದ ಆರಂಭಿಸಿದ ಅವರು ನೆಹರೂ ಹಾಗೂ ಸತ್ಯಜಿತ್ ರಾಯ್ ಅವರನ್ನು ಕುರಿತೂ ಚಿತ್ರಗಳನ್ನು ನಿರ್ಮಿಸಿದರು. ಈ ವೈವಿಧ್ಯವನ್ನು ಕೇವಲ ಬಹುಮುಖತೆಯೆಂದು ಹೊಗಳಿದರೆ ಸಾಲದು. ಅನ್ಯರ ಹಣದಿಂದ ಚಿತ್ರ ತಯಾರಿಸುವ ನಿರ್ದೇಶಕನು ತನ್ನ ದೃಷ್ಟಿಯನ್ನು ಹೇಗೆ ಉಳಿಸಿಕೊಳ್ಳುತ್ತಾನೆ ಎಂಬುದೇ ಇಲ್ಲಿಯ ಮುಖ್ಯ ಪ್ರಶ್ನೆ.

'ಮಂಥನ್' ಚಿತ್ರಕ್ಕೆ ಗುಜರಾತಿನ 5 ಲಕ್ಷ ಹಾಲು ಉತ್ಪಾದಕರು ತಲಾ 2 ರೂಪಾಯಿ ನೀಡಿದ್ದರು. ಹಾಗಿದ್ದೂ ಅದು ಸಹಕಾರ ಚಳವಳಿಯ ಪ್ರಚಾರವಾಗಿ ಉಳಿಯದೆ ಹಳ್ಳಿಯ ಜಾತಿ ವೈಷಮ್ಯವನ್ನು ಬಯಲಿಗೆಳೆಯುತ್ತದೆ. ರೈಲ್ವೆ ಇಲಾಖೆಯ ಪ್ರಾಯೋಜಕತ್ವದ 'ಯಾತ್ರಾ' (1986) ಧಾರಾವಾಹಿಯಲ್ಲಿಯೂ ರೈಲಿಗಿಂತ ಪ್ರಯಾಣಿಕರ ಬದುಕೇ ವಸ್ತುವಾಗುತ್ತದೆ.

ಈ ಕ್ರಮದ ಉನ್ನತ ನಿದರ್ಶನ 'ಭಾರತ್ ಏಕ್ ಖೋಜ್'. 1988ರಲ್ಲಿ ದೂರದರ್ಶನದಲ್ಲಿ ಆರಂಭವಾದ 53 ಕಂತುಗಳ ಈ ಸರಣಿಗೆ ನೆಹರೂ ಅವರ 'ದಿ ಡಿಸ್ಕವರಿ ಆಫ್ ಇಂಡಿಯಾ' ಆಧಾರ. ಛಾಯಾಗ್ರಹಣ ಮೈಸೂರಿನ ವಿ. ಕೆ. ಮೂರ್ತಿ ಅವರದು. ರೋಷನ್ ಸೇಠ್ ಅವರ ನೆಹರೂ ಒಂದು ದನಿಯಾದರೆ, ನಿರೂಪಕ ಓಂ ಪುರಿ ಇನ್ನೊಂದು ದನಿ; ಅಭಿನಯಿಸಲಾದ ದೃಶ್ಯ ಮೂರನೆಯದು. ಮಹಾಭಾರತದ ಭಾಗದಲ್ಲಿ ತೀಜನ್ ಬಾಯಿ ಅವರ ಪಾಂಡವಾನಿಯನ್ನು ಬಳಸಿ, ಮಹಾಕಾವ್ಯವು ಗ್ರಂಥಸ್ಥ ಪಾಠ ಮಾತ್ರವಲ್ಲ, ಜನಪದರ ನಾಲಗೆಯ ಮೇಲಿನ ಕಥನವೂ ಹೌದೆಂದು ತೋರಿಸಲಾಗಿದೆ. ಚರಿತ್ರೆಯನ್ನು ಒಂದೇ ಸತ್ಯವಾಗಿ ಮಂಡಿಸದೆ ಹಲವು ದನಿಗಳ ಸಂವಾದವಾಗಿಸಿದ್ದು ಈ ಸರಣಿಯ ಸಾಧನೆ.

ಮಿತಿಗಳೂ ಇಲ್ಲದಿಲ್ಲ. ಯುದ್ಧದ ದೃಶ್ಯಗಳಲ್ಲಿ ರಂಗಸಜ್ಜಿಕೆಯ ಇಕ್ಕಟ್ಟು ಎದ್ದು ಕಾಣುತ್ತದೆ. ದನಿಗಳು ಹಲವಾದರೂ ಅವುಗಳನ್ನು ಪೋಣಿಸುವ ಸೂತ್ರ ನೆಹರೂ ಅವರದೇ ಆದುದರಿಂದ, ಆ ಚೌಕಟ್ಟನ್ನೇ ಪ್ರಶ್ನಿಸುವ ಅವಕಾಶ ಕಡಿಮೆ. ಸಂವಿಧಾನ ರಚನಾಸಭೆಯ ಚರ್ಚೆಗಳನ್ನು ಆಧರಿಸಿದ 10 ಕಂತುಗಳ 'ಸಂವಿಧಾನ್' (2014) ಈ ಕೊರತೆಯನ್ನು ಕೊಂಚ ತುಂಬುತ್ತದೆ; ಅಲ್ಲಿ ಭಿನ್ನಾಭಿಪ್ರಾಯವೇ ಕಥನದ ಶರೀರ.

ಪ್ರಭುತ್ವದ ಮಾಧ್ಯಮದೊಳಗೇ ನಿಂತು ಪ್ರೇಕ್ಷಕನನ್ನು ವಿಚಾರಕ್ಕೆ ಹಚ್ಚಿದ್ದು ಬೆನಗಲ್ ಅವರ ನಿಜವಾದ ಕೊಡುಗೆ. ಕಥಾಚಿತ್ರಗಳನ್ನಷ್ಟೇ ಆಧರಿಸಿದ ಮೌಲ್ಯಮಾಪನವು ಈ ಕಾರಣದಿಂದಲೇ ಅಪೂರ್ಣವಾಗುತ್ತದೆ.