ಢೋಲಕ್‌ಪುರದಲ್ಲಿ ಕೇರಿ ಎಲ್ಲಿದೆ?

ನಮ್ಮ ಕೇರಿಗಳಲ್ಲಿ ಭೀಮ ಅಂದರೆ ಕೋಟು ತೊಟ್ಟು ಪುಸ್ತಕ ಹಿಡಿದು ನಿಂತ ಬಾಬಾಸಾಹೇಬರು. ಇವತ್ತು ನಮ್ಮ ಮಕ್ಕಳ ಬಾಯಲ್ಲಿರುವ ಭೀಮನೇ ಬೇರೆ. ಕೇಸರಿ ಧೋತಿ ಉಟ್ಟು, ಲಡ್ಡು ತಿಂದ ಕೂಡಲೇ ತೋಳು ಉಬ್ಬಿಸುವ ಒಂಬತ್ತು ವರ್ಷದ ಹುಡುಗ. ಯಲಹಂಕದ ಕಡೆಯ ಸಿಂಗಾಪುರದ ಬಾಡಿಗೆ ಮನೆಯಿರಲಿ, ರಾಯಚೂರಿನ ಹಳ್ಳಿಯಿರಲಿ, ಮಕ್ಕಳ ಶಾಲೆ ಚೀಲದ ಮೇಲೆ ಅವನೇ. ಹಾಗಾಗಿ ಅವನನ್ನು ಹುಟ್ಟಿಸಿದ ಹೈದರಾಬಾದಿನ ನಿರ್ದೇಶಕ ರಾಜೀವ್ ಚಿಲಕ ಅವರ ಕೆಲಸವನ್ನು ಮಕ್ಕಳಾಟ ಅಂತ ತಳ್ಳಿಹಾಕುವ ಹಾಗಿಲ್ಲ.

2001ರಲ್ಲಿ ಚಿಲಕ ಗ್ರೀನ್ ಗೋಲ್ಡ್ ಸಂಸ್ಥೆ ಕಟ್ಟಿದಾಗ ಮಕ್ಕಳ ಚಾನಲ್ಲುಗಳ ತುಂಬ ಅಮೆರಿಕ, ಜಪಾನಿನ ಕಾರ್ಟೂನುಗಳೇ. ವಿಕ್ರಮ-ಬೇತಾಳ, ಕೃಷ್ಣ ಅಂತ ಅವರು ನಮ್ಮ ಕತೆಗಳ ದಾರಿ ಹಿಡಿದರು. 2008ರಲ್ಲಿ ಪೋಗೋ ಚಾನಲ್ಲಿನಲ್ಲಿ 'ಛೋಟಾ ಭೀಮ್' ಬಂತು. ಬರಿಮೈಯ, ಮಣ್ಣಲ್ಲಿ ಆಡುವ ಹುಡುಗನೂ ನಾಯಕನಾಗಬಲ್ಲ ಅಂತ ತೋರಿಸಿದ್ದು ಸಣ್ಣ ಗೆಲುವಲ್ಲ. ಅದನ್ನು ಒಪ್ಪೋಣ.

ಆದರೆ ಅವನ ಊರನ್ನು ನೋಡಿ. ಢೋಲಕ್‌ಪುರದಲ್ಲಿ ರಾಜ ಇಂದ್ರವರ್ಮ ಇದ್ದಾನೆ, ರಾಜಕುಮಾರಿ ಇಂದುಮತಿ ಇದ್ದಾಳೆ, ಟುನ್‌ಟುನ್ ಮೌಸಿಯ ಲಡ್ಡು ಅಂಗಡಿ ಇದೆ. ಆ ಲಡ್ಡಿಗೆ ಕಡಲೆ ಬೆಳೆದವರು ಯಾರು? ಕಬ್ಬು ಕಡಿದವರು ಯಾರು? ಅವರ ಗುಡಿಸಲು ಎಲ್ಲಿ? ಈ ಊರಿಗೆ ಕೇಡು ಬರುವುದು ಮಾಂತ್ರಿಕನಿಂದ, ದರೋಡೆಕೋರನಿಂದ. ರಾಜನಿಂದ ಪ್ರಜೆಗೆ ಅನ್ಯಾಯವಾಯಿತು ಅನ್ನೋ ಕತೆ ಇಲ್ಲಿ ಹುಟ್ಟೋದೇ ಇಲ್ಲ. ಭೀಮನ ತೋಳ್ಬಲವೆಲ್ಲ ಸಿಂಹಾಸನದ ಕಾವಲಿಗೆ. ಚುಟ್ಕಿಯ ಪಾಲಿಗೆ ಬಂದದ್ದು ಅವನಿಗೆ ಲಡ್ಡು ಎಸೆಯುವ ಕೆಲಸ.

ಊರೊಳಗಿನ ಪುಂಡ ಹುಡುಗನ ಹೆಸರು ಕಾಲಿಯಾ. ಅಂದರೆ ಕರಿಯ. ಇದನ್ನು ದ್ವೇಷದಿಂದ ಇಟ್ಟರು ಅಂತ ನಾನು ಹೇಳುತ್ತಿಲ್ಲ. ರೂಢಿಯಿಂದ ಬಂದ ಹೆಸರು ಅದು. ನಮ್ಮನ್ನು ತುಳಿದದ್ದು ಕೂಡ ರೂಢಿಯೇ ತಾನೆ? ಶಾಲೆಯ ಬಯಲಲ್ಲಿ ಕಪ್ಪು ಹುಡುಗನೊಬ್ಬನನ್ನು ಆ ಹೆಸರಿಂದ ಕೂಗಿದಾಗ ಅವನ ಎದೆಗೆ ಏನಾಗುತ್ತೆ ಅಂತ ಮೇಷ್ಟ್ರುಗಳಿಗೆ ಬಿಡಿಸಿ ಹೇಳಬೇಕಿಲ್ಲ.

2019ರಲ್ಲಿ ನೆಟ್‌ಫ್ಲಿಕ್ಸಿಗೆ ಇದೇ ಸಂಸ್ಥೆ ಮಾಡಿದ 'ಮೈಟಿ ಲಿಟಲ್ ಭೀಮ್' ಬೇರೆ ಜಾತಿಯ ಕೆಲಸ. ಅಲ್ಲಿ ಭೀಮ ಅಂಬೆಗಾಲಿಡುವ ಕೂಸು. ಮಾತೇ ಇಲ್ಲ. ಹಿಂದಿ ಬಾರದ ಮಗುವೂ ನೋಡಿ ನಗಬಹುದು. ಕೂಸಿನ ಹಸಿವು, ಕುತೂಹಲ ಎರಡೇ ಕತೆಯನ್ನು ಎಳೆಯುತ್ತವೆ. ಚಿಲಕರ ಲೋಕದಲ್ಲಿ ಮಗು ಮಗುವಾಗಿಯೇ ಕಾಣುವುದು ಇಲ್ಲಿ. ಆದರೂ 2024ರಲ್ಲಿ ಅವರು 2012ರ ತಮ್ಮದೇ 'ದಮ್ಯಾನನ ಶಾಪ'ದ ಕತೆಯನ್ನು ನಟರನ್ನಿಟ್ಟು ಮತ್ತೆ ಸಿನಿಮಾ ಮಾಡಿದರು. ಹೊಸ ದಾರಿ ಕಂಡ ಮೇಲೂ ಹಳೇ ಮಾಂತ್ರಿಕನ ಹತ್ತಿರಕ್ಕೇ ಹೋದರು. ಮಾರುಕಟ್ಟೆಯಲ್ಲಿ ಗೆದ್ದ ಕತೆ ಕಲಾವಿದನನ್ನು ಕಟ್ಟಿಹಾಕೋದು ಹೀಗೆ.

ಬೇರೆ ದಾರಿ ಇರಲಿಲ್ಲವೆ? ಇತ್ತು. 1975-76ರ ಉಪಗ್ರಹ ಪ್ರಯೋಗದಲ್ಲಿ ರಾಯಚೂರು, ಗುಲ್ಬರ್ಗ, ಬಿಜಾಪುರ ಜಿಲ್ಲೆಗಳ ಹಳ್ಳಿಮಕ್ಕಳಿಗೆಂದೇ ಬೆಳಗಿನ ಹೊತ್ತು ಕನ್ನಡದಲ್ಲಿ ಟಿವಿ ಕಾರ್ಯಕ್ರಮ ಬರುತ್ತಿತ್ತು. ಸರ್ಕಾರಿ ಪಾಠದ ವಾಸನೆ ಇದ್ದೀತು. ಚೀಲ ಮಾರುವ ಹಂಗು ಮಾತ್ರ ಇರಲಿಲ್ಲ. ಪ್ರಯೋಗ ಒಂದೇ ವರ್ಷಕ್ಕೆ ಮುಗಿಯಿತು.

ಮೇಷ್ಟ್ರೇ, ಭೀಮನನ್ನು ನೋಡಬೇಡಿ ಅಂತ ಮಕ್ಕಳನ್ನು ಗದರಿಸಬೇಡಿ. ಢೋಲಕ್‌ಪುರದ ನಕ್ಷೆ ಬರೆಯೋಕೆ ಹೇಳಿ. ಅರಮನೆ, ಅಂಗಡಿ ಬರೆದು ಮುಗಿಸಿದ ಮೇಲೆ ಕೇಳಿ: ಬಾವಿ ಎಲ್ಲಿ? ನೀರು ಸೇದುವವರು ಯಾರು? ಕೇರಿ ಯಾವ ದಿಕ್ಕಿಗೆ? ಆ ಖಾಲಿ ಜಾಗವನ್ನು ಮಕ್ಕಳೇ ತುಂಬಲಿ.